ಲೆಕ್ಕಕ್ಕೆ ಬಾರದ ಪ್ರೇಕ್ಷಕ

ಕೆಲವು ದಿನಗಳ ಹಿಂದೆ ವಿದ್ಯಾನಗರದ ಕಾಲೇಜೊಂದರ ತರಗತಿಯಲ್ಲಿ ಅನಂತಮೂರ್ತಿಯವರ 'ಘಟಶ್ರಾದ್ಧ' ಕಥೆಯ ಪಾಠ ಮುಗಿದಿದ್ದಿತು. ಕಥೆಯೊಂದು ಚಲಚ್ಚಿತ್ರವಾಗುವಾಗ ಏನನ್ನು ಬಿಟ್ಟುಕೊಡುತ್ತದೆ, ಏನನ್ನು ಹೊಸದಾಗಿ ಪಡೆಯುತ್ತದೆ ಎಂಬ ಚರ್ಚೆ ಬೆಳೆದು, ಇಂದಿನ ಕನ್ನಡ ಕಲಾತ್ಮಕ ಚಿತ್ರಗಳ ಪ್ರಸ್ತಾಪವೂ ಬಂದಿತು. ಹೊರದೇಶದ ಉತ್ಸವದಲ್ಲಿ ಮೆಚ್ಚುಗೆ ಪಡೆದ ಒಂದು ಚಿತ್ರವನ್ನು ನೋಡಬೇಕೆಂಬ ಆಸೆಯಿದ್ದರೂ ನನಗೆ ಇನ್ನೂ ಅವಕಾಶ ಒದಗಲಿಲ್ಲವೆಂದು ಹೇಳಿ ಪುಸ್ತಕ ಮುಚ್ಚಿದೆನು. ಗಂಟೆಯಾದ ಮೇಲೆ ಒಬ್ಬ ವಿದ್ಯಾರ್ಥಿ ಹತ್ತಿರ ಬಂದು, "ಸರ್, ಆ ಪಿಕ್ಚರ್ ನನ್ನ ಮೊಬೈಲ್‌ನ್ಯಾಗ ಐತ್ರಿ. ನಿಮಗೂ ಕಳಸ್ಲೇನ್ರಿ?" ಎಂದನು.

ಆ ಹುಡುಗನ ದನಿಯಲ್ಲಿ ಅಳುಕಿರಲಿಲ್ಲ. ಮನೆಯಿಂದ ತಂದ ಬುತ್ತಿಯಲ್ಲಿ ಒಂದು ತುತ್ತನ್ನು ಗುರುವಿಗೆ ನೀಡುವಷ್ಟೇ ಸಹಜವಾಗಿ ಅವನು ಅದನ್ನು ನೀಡಲು ಬಂದಿದ್ದನು. ಅವನು ದುಷ್ಟನಲ್ಲ, ತರಗತಿಯಲ್ಲಿ ಕಥೆಯನ್ನು ಎಲ್ಲರಿಗಿಂತ ಮನಸ್ಸಿಟ್ಟು ಓದಿದವನು. ಕನ್ನಡದ ಒಳ್ಳೆಯ ಚಿತ್ರಕ್ಕೆ ಇಂತಹ ಪ್ರೇಕ್ಷಕನೇ ಬೇಕು. ಆದರೆ ಆ ಚಿತ್ರವನ್ನು ಮಾಡಿದವರಿಗೆ ಇಂತಹ ಒಬ್ಬ ಪ್ರೇಕ್ಷಕನಿದ್ದಾನೆಂಬುದು ಎಂದೆಂದಿಗೂ ತಿಳಿಯಲಾರದು. ಈ ವಿಪರ್ಯಾಸದ ಬಗೆಗೆ ವಾಚಕರೊಡನೆ ಎರಡು ಮಾತನಾಡಬೇಕೆನಿಸಿ ಈ ಲೇಖನವನ್ನು ಬರೆಯುತ್ತಿದ್ದೇನೆ.

ಒಬ್ಬರ ಬರಹವನ್ನು ಮತ್ತೊಬ್ಬರು ತಮ್ಮದೆಂದು ಹೇಳಿಕೊಳ್ಳುವುದಕ್ಕೆ ನಮ್ಮಲ್ಲಿ ಕೃತಿಚೌರ್ಯವೆಂಬ ಮಾತು ಬಹುಕಾಲದಿಂದ ಇದೆ. ಈ ಹೊಸ ಕಳವು ಅದಲ್ಲ. ಇಲ್ಲಿ ಕರ್ತೃವಿನ ಹೆಸರನ್ನು ಯಾರೂ ಅಳಿಸುವುದಿಲ್ಲ. ಕೃತಿಯನ್ನು ಮಾತ್ರ ಅವನ ಅಪ್ಪಣೆಯಿಲ್ಲದೆ, ಅವನಿಗೆ ಕಾಸೊಂದನ್ನೂ ಕೊಡದೆ, ಲಕ್ಷಾಂತರ ಪ್ರತಿಗಳಾಗಿ ಹಂಚಲಾಗುತ್ತದೆ. ಇದಕ್ಕೆ ಎಲ್ಲರ ಬಾಯಲ್ಲಿಯೂ ಬಳಕೆಯಲ್ಲಿರುವ ಮಾತು 'ಪೈರಸಿ'. ಮೂಲದಲ್ಲಿ ಅದು ಕಡಲ್ಗಳ್ಳರಿಗೆ ಸಂಬಂಧಿಸಿದ್ದು. ಮೊದಲು ಇದು ವಿಡಿಯೋ ಕ್ಯಾಸೆಟ್ಟಿನಲ್ಲಿದ್ದಿತು, ಆಮೇಲೆ ಸಿ.ಡಿ.ಯಲ್ಲಿ, ಇಂದು ಅಂತರಜಾಲದ ತಾಣಗಳಲ್ಲಿ, ಟೆಲಿಗ್ರಾಂ ಗುಂಪುಗಳಲ್ಲಿ ಇದೆ. ಬಿಡುಗಡೆಯಾದ ಚಿತ್ರ ಅನೇಕ ವೇಳೆ ಅದೇ ದಿನದ ಸಂಜೆಯೊಳಗೆ ಅಲ್ಲಿ ಕಾಣಿಸಿಕೊಳ್ಳುತ್ತದೆ.

ಕಾನೂನು ಸುಮ್ಮನಿದೆಯೆಂದು ಹೇಳುವಂತಿಲ್ಲ. 1957ರ ಕೃತಿಸ್ವಾಮ್ಯದ ಕಾಯಿದೆ ಇದ್ದೇ ಇದೆ. ನಮ್ಮ ರಾಜ್ಯದ 1985ರ ಗೂಂಡಾ ಕಾಯಿದೆಯ ವ್ಯಾಪ್ತಿಯೊಳಗೆ ವಿಡಿಯೋ ಮತ್ತು ಧ್ವನಿಮುದ್ರಿಕೆಗಳ ಕಳ್ಳಪ್ರತಿ ಮಾಡುವವರೂ ಬರುತ್ತಾರೆ. 2014ರ ತಿದ್ದುಪಡಿಯಿಂದ ಡಿಜಿಟಲ್ ಅಪರಾಧಿಗಳೂ ಅದರೊಳಗೆ ಸೇರಿದರು. 1952ರ ಸಿನಿಮಾಟೋಗ್ರಾಫ್ ಕಾಯಿದೆಗೆ ಸಂಸತ್ತು 2023ರಲ್ಲಿ ಮಾಡಿದ ತಿದ್ದುಪಡಿಯಂತೆ, ಅನುಮತಿಯಿಲ್ಲದೆ ಚಿತ್ರವನ್ನು ಮುದ್ರಿಸಿಕೊಂಡವನಿಗೆ ಕನಿಷ್ಠ 3 ತಿಂಗಳ ಸೆರೆ ಮತ್ತು 3 ಲಕ್ಷ ರೂಪಾಯಿ ದಂಡ. ಗರಿಷ್ಠವೆಂದರೆ 3 ವರ್ಷಗಳ ಸೆರೆ ಮತ್ತು ಚಿತ್ರದ ನಿರ್ಮಾಣವೆಚ್ಚದ ಶೇಕಡ 5ರವರೆಗೆ ದಂಡ. ಅದೇ ವರ್ಷದ ನವೆಂಬರಿನಲ್ಲಿ ಕೇಂದ್ರ ಸರ್ಕಾರ 12 ಅಧಿಕಾರಿಗಳನ್ನು ಗೊತ್ತುಮಾಡಿ, ದೂರು ಬಂದ 48 ಗಂಟೆಗಳೊಳಗೆ ಇಂತಹ ತಾಣಗಳನ್ನು ತಡೆಯುವ ಏರ್ಪಾಡನ್ನೂ ಮಾಡಿತು. ಒಂದು ಹೆಸರಿನಲ್ಲಿ ಮುಚ್ಚಿದ ತಾಣ ಮರುದಿನ ಇನ್ನೊಂದು ಹೆಸರಿನಲ್ಲಿ ಹುಟ್ಟುವುದನ್ನು ಕಂಡು, ಹೊಸ ಹೆಸರುಗಳಿಗೂ ಹಳೆಯ ತಡೆಯಾಜ್ಞೆಯೇ ಅನ್ವಯಿಸುವಂತೆ ದಿಲ್ಲಿಯ ಉಚ್ಚ ನ್ಯಾಯಾಲಯ 2019ರಲ್ಲಿಯೇ ದಾರಿ ಮಾಡಿಕೊಟ್ಟಿದ್ದಿತು. ಇಷ್ಟಾದರೂ ನನ್ನ ವಿದ್ಯಾರ್ಥಿಯ ಮೊಬೈಲಿನಲ್ಲಿ ಆ ಚಿತ್ರವಿದ್ದಿತು. ಆದುದರಿಂದ ಪ್ರಶ್ನೆ ಕಾನೂನಿನಲ್ಲಿಯೇ ಮುಗಿಯುವುದಿಲ್ಲ. ನಮ್ಮ ಮನಸ್ಸಿನಲ್ಲಿ ಇದು ತಪ್ಪೆಂದು ಏಕೆ ತೋರುವುದಿಲ್ಲ ಎಂಬುದನ್ನು ವಿಚಾರಿಸಬೇಕಾಗಿದೆ.

ಆ ಹುಡುಗನನ್ನು ನಾನು ಆಕ್ಷೇಪಿಸಿದಾಗ ಅವನು ಕೊಟ್ಟ ಉತ್ತರ ತಳ್ಳಿಹಾಕುವಂತಹುದಾಗಿರಲಿಲ್ಲ. ಒಂದು ದೀಪದಿಂದ ಇನ್ನೊಂದು ದೀಪವನ್ನು ಹಚ್ಚಿದರೆ ಮೊದಲನೆಯದರ ಬೆಳಕು ಕಡಮೆಯಾಗುವುದೇ ಎಂದು ಅವನು ಕೇಳಿದನು. ವಿದ್ಯೆಯನ್ನು ಕಳ್ಳರು ಕದಿಯಲಾರರು, ಕೊಟ್ಟಷ್ಟೂ ಅದು ಬೆಳೆಯುತ್ತದೆ ಎಂದು ನಾವೇ ತರಗತಿಯಲ್ಲಿ ಹೇಳುತ್ತ ಬಂದಿಲ್ಲವೆ? ಅಷ್ಟೇ ಅಲ್ಲ, ಪ್ರತಿ ಮಾಡುವುದನ್ನು ನಮ್ಮ ಪರಂಪರೆ ಪಾಪವೆಂದು ತಿಳಿದಿರಲಿಲ್ಲ. ಅದನ್ನು ಪುಣ್ಯವೆಂದು ಎಣಿಸಿದ್ದಿತು. ಹುಬ್ಬಳ್ಳಿಯಿಂದ ಗದಗಿನ ದಾರಿ ಹಿಡಿದು ಮುಂದೆ ಹೋದರೆ ಲಕ್ಕುಂಡಿ ಸಿಕ್ಕುತ್ತದೆ. ಸಾವಿರ ವರ್ಷಗಳ ಹಿಂದೆ ಅಲ್ಲಿ ಬಸದಿಯನ್ನು ಕಟ್ಟಿಸಿದ ಅತ್ತಿಮಬ್ಬೆ, ಪೊನ್ನನ 'ಶಾಂತಿಪುರಾಣ'ದ ಸಾವಿರ ಪ್ರತಿಗಳನ್ನು ಬರೆಯಿಸಿ ಹಂಚಿದಳು. ಸಾಹಿತ್ಯಚರಿತ್ರೆಯನ್ನು ಓದಿದ ಪ್ರತಿಯೊಬ್ಬ ವಿದ್ಯಾರ್ಥಿಗೂ ಇದು ಗೊತ್ತು. ಸಾವಿರ ಪ್ರತಿ ಮಾಡಿಸಿದವಳು ದಾನಚಿಂತಾಮಣಿಯಾದರೆ, ಒಂದು ಪ್ರತಿ ಕಳುಹಿಸಿದ ಹುಡುಗ ಕಳ್ಳನಾಗುವುದು ಹೇಗೆ?

ಈ ಪ್ರಶ್ನೆ ನನ್ನನ್ನು ಎರಡು ದಿನ ಕಾಡಿತು. ಆಮೇಲೆ ಹೊಳೆದ ಉತ್ತರ ಸರಳವಾಗಿದೆ. ಅತ್ತಿಮಬ್ಬೆಯ ಸಾವಿರ ಪ್ರತಿಗಳ ವೆಚ್ಚವನ್ನು ಯಾರು ಹೊತ್ತರು? ಅವಳೇ ಹೊತ್ತಳು. ಓಲೆಗರಿಯನ್ನು ತಂದು ಹದಮಾಡಬೇಕು, ಕಂಠ ಹಿಡಿದು ತಿಂಗಳುಗಟ್ಟಲೆ ಬರೆಯುವ ಲಿಪಿಕಾರನ ಹೊಟ್ಟೆ ತುಂಬಬೇಕು. ಅಷ್ಟಕ್ಕೇ ಅವಳು ನಿಲ್ಲಲಿಲ್ಲ. ರನ್ನನಿಗೆ ಆಶ್ರಯವಿತ್ತು 993ರಲ್ಲಿ 'ಅಜಿತಪುರಾಣ' ಹುಟ್ಟುವಂತೆ ಮಾಡಿದಳು. ಹಳೆಯ ಕಾವ್ಯವನ್ನು ಹಂಚಿದ ಕೈಯೇ ಹೊಸ ಕಾವ್ಯಕ್ಕೂ ಆಸರೆಯಾಯಿತು. ಅವಳ ದಾನದಲ್ಲಿ ಕೊಡುವವಳು ತನ್ನದನ್ನು ಕೊಟ್ಟಳು. ಇಂದಿನ ಹಂಚಿಕೆಯಲ್ಲಿ ಕೊಡುವವನು ಪರರದನ್ನು ಕೊಡುತ್ತಾನೆ. ದೀಪದಿಂದ ದೀಪ ಹಚ್ಚಿಕೊಳ್ಳಬಹುದು, ನಿಜ. ಆದರೆ ಮೊದಲ ದೀಪಕ್ಕೆ ಎಣ್ಣೆ ಹೊಯ್ಯುವವರು ಯಾರು ಎಂಬುದನ್ನು ಆ ಉಪಮೆ ಹೇಳುವುದಿಲ್ಲ.

ಎಣ್ಣೆ ಹೊಯ್ಯುವ ಕೆಲಸವನ್ನು ಓದುಗರೇ ವಹಿಸಿಕೊಂಡ ನಿದರ್ಶನ ನಮ್ಮ ಅವಳಿನಗರದಲ್ಲಿಯೇ ಇದೆ. 1933ರಲ್ಲಿ ಧಾರವಾಡದಲ್ಲಿ ಪ್ರಾರಂಭವಾಗಿ ಜಿ.ಬಿ. ಜೋಶಿಯವರು ನಡೆಯಿಸಿದ ಮನೋಹರ ಗ್ರಂಥಮಾಲೆ ಚಂದಾದಾರರನ್ನು ನಂಬಿ ಬೆಳೆಯಿತು. ವರ್ಷದ ಚಂದಾ ಕೊಟ್ಟು ಯಾವ ಪುಸ್ತಕ ಬರುವುದೋ ಎಂದು ಕಾದಿದ್ದ ಶಾಲಾಮಾಸ್ತರರು, ಗುಮಾಸ್ತರು, ವಕೀಲರು ಆ ಗ್ರಂಥಮಾಲೆಯ ಬೆನ್ನೆಲುಬಾಗಿದ್ದರು. 1961ರಲ್ಲಿ ಗಿರೀಶ ಕಾರ್ನಾಡರ 'ಯಯಾತಿ', 1965ರಲ್ಲಿ ಅನಂತಮೂರ್ತಿಯವರ 'ಸಂಸ್ಕಾರ' ಬೆಳಕು ಕಂಡದ್ದು ಅಲ್ಲಿಂದಲೇ. ಆಗ ಇಬ್ಬರೂ ಹೊಸ ಲೇಖಕರು. ಅವರ ಪುಸ್ತಕವನ್ನು ಅಚ್ಚುಹಾಕುವ ಧೈರ್ಯ ಪ್ರಕಾಶಕರಿಗೆ ಬಂದದ್ದರಲ್ಲಿ ಚಂದಾದಾರರ ಆ ಪಟ್ಟಿಯ ಪಾಲೂ ಇದ್ದಿತು. ಇಷ್ಟು ಜನ ಓದುಗರು ಇದ್ದಾರೆ, ಇವರ ಹೆಸರು ಇಲ್ಲಿದೆ, ಇವರ ಹಣ ಬಂದಿದೆ ಎಂಬ ಲೆಕ್ಕ ಆ ಕಾದಂಬರಿಯ ಹಿಂದೆ ಇದ್ದಿತು. ಅದೇ ಕಾದಂಬರಿ ಪಟ್ಟಾಭಿರಾಮ ರೆಡ್ಡಿಯವರ ನಿರ್ದೇಶನದಲ್ಲಿ 1970ರ ಚಿತ್ರವಾಗಿ, ಮೊದಲು ಸೆನ್ಸಾರಿನ ನಿಷೇಧಕ್ಕೆ ಒಳಗಾಗಿ, ಆಮೇಲೆ ಬಿಡುಗಡೆಗೊಂಡು ರಾಷ್ಟ್ರಪತಿಗಳ ಸ್ವರ್ಣಪದಕವನ್ನು ಪಡೆಯಿತು. ಕನ್ನಡದ ಹೊಸ ಅಲೆಯ ಚಿತ್ರಗಳಿಗೆ ನಾಂದಿಯಾದ ಆ ಕೃತಿಯ ಹಿಂದೆ, ಹೀಗೆ ಎಣಿಕೆಗೆ ಸಿಕ್ಕಿದ ಓದುಗರ ಒಂದು ಪಟ್ಟಿಯಿದೆ ಎಂಬುದನ್ನು ನಾವು ಮರೆಯಬಾರದು.

ಕಳ್ಳಪ್ರತಿಯ ನಿಜವಾದ ಹಾನಿ ಇಲ್ಲಿಯೇ ಇದೆಯೆಂದು ನನ್ನ ಅಭಿಪ್ರಾಯ. ಅದು ಹಣವನ್ನಷ್ಟೇ ಕದಿಯುವುದಿಲ್ಲ, ಲೆಕ್ಕವನ್ನೂ ಕದಿಯುತ್ತದೆ. ದೊಡ್ಡ ನಟರ ಚಿತ್ರಕ್ಕೆ ಇದರಿಂದ ನಷ್ಟವಾಗುವುದಿಲ್ಲವೆಂದಲ್ಲ. ಆದರೆ ನೂರಾರು ಚಿತ್ರಮಂದಿರಗಳಲ್ಲಿ ಒಂದೇ ದಿನ ತೆರೆಕಂಡು ಮೊದಲ ವಾರದಲ್ಲಿಯೇ ಬಂಡವಾಳವನ್ನು ಹಿಂದಕ್ಕೆ ಪಡೆಯುವ ಶಕ್ತಿ ಅದಕ್ಕೆ ಇದೆ. ಅದರ ಪ್ರೇಕ್ಷಕರು ಇದ್ದಾರೆಂಬುದನ್ನು ಯಾರಿಗೂ ಸಾಧಿಸಿ ತೋರಿಸಬೇಕಾಗಿಲ್ಲ. ಸಣ್ಣ ಚಿತ್ರದ ಪಾಡು ಬೇರೆ. ಅದಕ್ಕೆ ಸಿಕ್ಕುವುದು ದಿನಕ್ಕೊಂದು ಆಟ, ಅದೂ ಜನ ಬರಲಾಗದ ಹೊತ್ತಿನಲ್ಲಿ. ನೋಡಿದ ನಾಲ್ವರು ಮತ್ತೆ ನಾಲ್ವರಿಗೆ ಹೇಳಿ, ಅವರು ಟಿಕೆಟ್ಟು ಕೊಳ್ಳುವುದಕ್ಕೆ ಒಂದೆರಡು ವಾರ ಬೇಕು. ಅಷ್ಟರಲ್ಲಿ ಚಿತ್ರ ಎತ್ತಂಗಡಿಯಾಗಿರುತ್ತದೆ, ಕಳ್ಳಪ್ರತಿ ಮನೆಮನೆಗೆ ಬಂದಿರುತ್ತದೆ. ಆಮೇಲೆ ಅದನ್ನು ಸಾವಿರ ಜನ ನೋಡಿ ಕಣ್ಣೀರಿಟ್ಟರೂ, ಹಂಚಿಕೆದಾರನ ಪುಸ್ತಕದಲ್ಲಿ ಆ ಸಾವಿರ ಜನ ಶೂನ್ಯ. ಮುಂದಿನ ಚಿತ್ರಕ್ಕೆ ಹಣ ಕೇಳಲು ಹೋದ ನಿರ್ದೇಶಕನಿಗೆ, "ನಿಮ್ಮ ಸಿನೆಮಾ ಯಾರು ನೋಡಿದ್ದಾರೆ?" ಎಂಬ ಪ್ರಶ್ನೆ ಎದುರಾಗುತ್ತದೆ. ನೋಡಿದವರು ಇದ್ದಾರೆ, ತೋರಿಸಲು ಅವನಲ್ಲಿ ಪುರಾವೆಯಿಲ್ಲ.

ಇದು ಬರಿಯ ತರ್ಕವಲ್ಲ. ರಕ್ಷಿತ್ ಶೆಟ್ಟಿಯವರಂತಹ ಹೆಸರುವಾಸಿ ನಟರೇ 'ಏಕಂ' ಎಂಬ ಕನ್ನಡ ಕಥಾಸರಣಿಯನ್ನು ನಿರ್ಮಿಸಿ, ಕೊಳ್ಳುವ ಓಟಿಟಿ ಸಂಸ್ಥೆ ದೊರೆಯದೆ, 2024ರ ಜುಲೈಯಲ್ಲಿ ತಮ್ಮದೇ ಜಾಲತಾಣದ ಮೂಲಕ ಅದನ್ನು ಬಿಡುಗಡೆ ಮಾಡಬೇಕಾಯಿತು. ಕನ್ನಡಕ್ಕೆ ನೋಡುಗರು ಕಡಮೆಯೆಂಬ ಭಾವನೆ ವ್ಯಾಪಾರಿಗಳಲ್ಲಿ ಬೇರೂರಿದೆ. ಆ ಭಾವನೆಗೆ ಕಾರಣಗಳು ಹಲವಿರಬಹುದು. ಆದರೆ ಕದ್ದು ನೋಡುವ ಪ್ರತಿಯೊಬ್ಬನೂ ಅದನ್ನು ಇನ್ನಷ್ಟು ಬಲಪಡಿಸುತ್ತಾನೆ. ನಾವು ಒಂದು ಕಡೆ ಕನ್ನಡಕ್ಕೆ ಅನ್ಯಾಯವಾಯಿತೆಂದು ಸಭೆಯಲ್ಲಿ ಭಾಷಣ ಮಾಡಿ, ಇನ್ನೊಂದು ಕಡೆ ಕನ್ನಡದ ಪ್ರೇಕ್ಷಕರ ಸಂಖ್ಯೆಯಿಂದ ನಮ್ಮ ಹೆಸರನ್ನು ನಾವೇ ಅಳಿಸಿಕೊಳ್ಳುತ್ತಿದ್ದೇವೆ.

ಲೆಕ್ಕಕ್ಕೆ ಸಿಕ್ಕಿದ ಪ್ರೇಕ್ಷಕ ಏನು ಮಾಡಬಲ್ಲನೆಂಬುದಕ್ಕೂ ಕನ್ನಡದಲ್ಲಿ ಸಾಕ್ಷಿಯಿದೆ. 2013ರಲ್ಲಿ ತೆರೆಕಂಡ 'ಲೂಸಿಯಾ' ಚಿತ್ರಕ್ಕೆ ನಿರ್ದೇಶಕ ಪವನ್ ಕುಮಾರರು ಜನರಿಂದಲೇ ಹಣ ಬೇಡಿದರು. 27 ದಿನಗಳಲ್ಲಿ 110 ಮಂದಿ ಸೇರಿ ಸುಮಾರು 50 ಲಕ್ಷ ರೂಪಾಯಿ ಕೂಡಿಸಿಕೊಟ್ಟರು. ಮನೋಹರ ಗ್ರಂಥಮಾಲೆಯ ಚಂದಾಪಟ್ಟಿಯೇ ಹೊಸ ವೇಷದಲ್ಲಿ ಬಂದಂತಾಯಿತು. ನೆರೆಯ ತಮಿಳುನಾಡಿನಲ್ಲಿ ಇದೇ ಪಿಡುಗಿನಿಂದ ಬೇಸತ್ತ ನಿರ್ದೇಶಕ ಚೇರನ್ 2015ರಲ್ಲಿ ತಮ್ಮ 'ಜೆ.ಕೆ. ಎನುಂ ನಣ್ಬನಿನ್ ವಾಳ್ಕೈ' ಚಿತ್ರದ ಡಿ.ವಿ.ಡಿ.ಯನ್ನು ನೇರವಾಗಿ ಮನೆಗಳಿಗೆ ತಲುಪಿಸುವ ಯೋಜನೆಯನ್ನು ಪ್ರಾರಂಭಿಸಿದರು. ಕಳ್ಳನಿಗಿಂತ ಮೊದಲು ತಾನೇ ಪ್ರೇಕ್ಷಕನ ಬಾಗಿಲಿಗೆ ಹೋಗಬೇಕೆಂಬುದು ಅವರ ಹವಣಿಕೆಯಾಗಿದ್ದಿತು. ಆ ಯೋಜನೆ ಬಹುಕಾಲ ನಿಲ್ಲಲಿಲ್ಲ. ಆದರೆ ಅದರ ಹಿಂದಿನ ವಿಚಾರ ಸರಿಯಾದುದೇ: ಪ್ರೇಕ್ಷಕನನ್ನು ಬಯ್ಯುವುದಕ್ಕೆ ಮುಂಚೆ ಅವನಿಗೆ ಪ್ರಾಮಾಣಿಕವಾದ ದಾರಿಯೊಂದನ್ನು ತೋರಿಸಬೇಕು.

ಈ ಮಾತಿಗೆ ಬಂದಾಗ ನನ್ನ ತಪ್ಪನ್ನೂ ಹೇಳಿಕೊಳ್ಳಬೇಕು. ಇಪ್ಪತ್ತು ವರ್ಷಗಳ ಹಿಂದೆ, ಅಧ್ಯಾಪಕನಾದ ಹೊಸತರಲ್ಲಿ, ಹುಬ್ಬಳ್ಳಿಯ ಪೇಟೆಯ ಬೀದಿಬದಿಯಲ್ಲಿ ಒಂದು ಒಳ್ಳೆಯ ಕನ್ನಡ ಚಿತ್ರದ ಸಿ.ಡಿ.ಯನ್ನು ನಾನು ಕೊಂಡಿದ್ದೆನು. ಮೇಲೆ ಅಚ್ಚಾದ ಹೊದಿಕೆಯಿರಲಿಲ್ಲ. ಹೆಸರನ್ನು ಪೆನ್ನಿನಿಂದ ಬರೆದಿದ್ದರು. ಅದು ಎಂತಹ ಪ್ರತಿಯೆಂಬುದು ನನಗೆ ಗೊತ್ತಿದ್ದಿತು. ಅದನ್ನೇ ತರಗತಿಯಲ್ಲಿ ತೋರಿಸಿ, ಸಾಹಿತ್ಯ ಮತ್ತು ಚಲಚ್ಚಿತ್ರಗಳ ಸಂಬಂಧವನ್ನು ಕುರಿತು ಒಂದು ಗಂಟೆ ವ್ಯಾಖ್ಯಾನವನ್ನೂ ಮಾಡಿದೆನು. ನಡುವೆ ಎರಡು ಸಲ ಚಿತ್ರ ನಿಂತುಹೋಯಿತು; ರಾತ್ರಿಯ ದೃಶ್ಯಗಳಲ್ಲಿ ಕತ್ತಲೆಯ ಹೊರತು ಏನೂ ಕಾಣಲಿಲ್ಲ. ವಿದ್ಯಾರ್ಥಿಗಳು ಚಪ್ಪಾಳೆ ತಟ್ಟಿದರು. ಅಂದು ನಾನು ಕಲಿಸಿದ ಪಾಠ ಯಾವುದು? ಕಲೆಯನ್ನು ಗೌರವಿಸಬೇಕು, ಕಲಾವಿದನ ಅನ್ನದ ವಿಚಾರ ನಮಗೆ ಸೇರಿದುದಲ್ಲ ಎಂದೇ ಅಲ್ಲವೆ? ಇಂದಿನ ಹುಡುಗ ಅಂದಿನ ಪಾಠವನ್ನೇ ಒಪ್ಪಿಸುತ್ತಿದ್ದಾನೆ.

ಕಳ್ಳಪ್ರತಿಯ ಪರವಾಗಿ ವಿದ್ಯಾವಂತರು ಹೇಳುವ ಇನ್ನೊಂದು ಮಾತುಂಟು: ಇವು ಇಲ್ಲದಿದ್ದರೆ ಹಳೆಯ ಚಿತ್ರಗಳು ಮರೆತೇ ಹೋಗುತ್ತಿದ್ದವು, ಆದುದರಿಂದ ಇದೂ ಒಂದು ಬಗೆಯ ರಕ್ಷಣೆ. ಕನ್ನಡ ಚಿತ್ರಗಳ ರಕ್ಷಣೆಯ ವಿಷಯದಲ್ಲಿ ನಾವು ತಲೆ ತಗ್ಗಿಸಬೇಕಾಗಿದೆ ಎಂಬುದು ದಿಟ. 1934ರಲ್ಲಿ ತೆರೆಕಂಡ ಮೊದಲ ವಾಕ್ಚಿತ್ರ 'ಸತಿ ಸುಲೋಚನಾ'ದ ಒಂದು ಪ್ರತಿಯೂ ಉಳಿದಿಲ್ಲ. ಆದರೆ ಉಳಿಸುವುದೆಂದರೇನು ಎಂಬುದನ್ನು 'ಘಟಶ್ರಾದ್ಧ'ದ ಕಥೆಯೇ ಹೇಳುತ್ತದೆ. 1977ರಲ್ಲಿ ಗಿರೀಶ ಕಾಸರವಳ್ಳಿಯವರು ಮಾಡಿದ, ಎಸ್. ರಾಮಚಂದ್ರರ ಕ್ಯಾಮೆರಾದ ಆ ಕಪ್ಪು-ಬಿಳುಪಿನ ಚಿತ್ರದ ಮೂಲ ನೆಗೆಟಿವ್ ಪುಣೆಯ ರಾಷ್ಟ್ರೀಯ ಚಲಚ್ಚಿತ್ರ ಭಂಡಾರದಲ್ಲಿ ಕಾಪಾಡಲ್ಪಟ್ಟಿದ್ದಿತು. ಫಿಲ್ಮ್ ಹೆರಿಟೇಜ್ ಫೌಂಡೇಶನ್ ಮತ್ತು ಅಮೆರಿಕೆಯ ಫಿಲ್ಮ್ ಫೌಂಡೇಶನ್ನಿನ ವರ್ಲ್ಡ್ ಸಿನೆಮಾ ಪ್ರಾಜೆಕ್ಟ್ ಸೇರಿ ಅದನ್ನು ಪುನರುಜ್ಜೀವನಗೊಳಿಸಿದವು. 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಅದು ಮತ್ತೆ ಪ್ರದರ್ಶಿತವಾಯಿತು. ಮೂಲ ನೆಗೆಟಿವ್ ಇದ್ದುದರಿಂದ ಅದು ಸಾಧ್ಯವಾಯಿತು. ಮಸುಕಾದ ಕಳ್ಳಪ್ರತಿಯೊಂದೇ ಉಳಿದಿದ್ದರೆ, ಯಮುನೆಯ ಮುಖದ ಮೇಲಿನ ನೆರಳು-ಬೆಳಕನ್ನು ಯಾವ ಯಂತ್ರವೂ ಮರಳಿ ಕೊಡಲಾರದು. ಪ್ರತಿಯಿಂದ ಪ್ರತಿಗೆ ಕುಗ್ಗಿಸಿ ಕಳುಹಿಸಿದಷ್ಟೂ ಚಿತ್ರದ ಹುರುಳು ಸೋರಿಹೋಗುತ್ತದೆ.

ಹೀಗಿದ್ದರೂ ಪ್ರೇಕ್ಷಕನೊಬ್ಬನ ಮೇಲೆಯೇ ಹೊಣೆಯನ್ನೆಲ್ಲ ಹೊರಿಸಿ ನಾವು ಕೈತೊಳೆದುಕೊಳ್ಳಲಾಗದು. ನನ್ನ ಮಾತನ್ನೆಲ್ಲ ಕೇಳಿದ ಮೇಲೆ ಆ ವಿದ್ಯಾರ್ಥಿ ಒಂದೇ ಪ್ರಶ್ನೆ ಕೇಳಿದನು: "ಹಂಗಾರ ಎಲ್ಲಿ ನೋಡ್ಬೇಕ್ರಿ ಸರ್?" ನನ್ನಲ್ಲಿ ಉತ್ತರವಿರಲಿಲ್ಲ. ಕೊಪ್ಪಳ ಜಿಲ್ಲೆಯ ಹಳ್ಳಿಯೊಂದರ ಬದುಕನ್ನು ಕುರಿತ ಜೈಶಂಕರ್ ಆರ್ಯರ್ ಅವರ 'ಶಿವಮ್ಮ ಯರೇಹಂಚಿನಾಳ' 2022ರಲ್ಲಿ ದಕ್ಷಿಣ ಕೊರಿಯಾದ ಬೂಸಾನ್ ಉತ್ಸವದ ಪ್ರಶಸ್ತಿಯನ್ನು ಪಡೆಯಿತು; ಕರ್ನಾಟಕದ ಚಿತ್ರಮಂದಿರಗಳಿಗೆ ಬಂದದ್ದು 2024ರ ಜೂನ್ ತಿಂಗಳಲ್ಲಿ. ನಮ್ಮ ಸೀಮೆಯ ಮಾತನ್ನು ನಮ್ಮ ಸೀಮೆಯವರು ಕೇಳುವುದಕ್ಕೆ ಮೊದಲು ಕೊರಿಯಾದವರು ಕೇಳಿದರು. ಇಂತಹ ಅಂತರದಲ್ಲಿಯೇ ಕಳ್ಳತಾಣ ತನ್ನ ಅಂಗಡಿಯನ್ನು ಹೂಡುತ್ತದೆ. ನೇರವಾದ ದಾರಿಯನ್ನು ಮುಚ್ಚಿಟ್ಟು, ಬೇಲಿ ಹಾರಿದವನನ್ನಷ್ಟೇ ದಂಡಿಸುವುದು ನ್ಯಾಯವಾಗಲಾರದು.

ಹಾಗಾದರೆ ಮಾಡಬೇಕಾದುದೇನು? ಮೊದಲನೆಯದು ಸರ್ಕಾರದ ಕೆಲಸ. 2025ರ ಮಾರ್ಚ್ ತಿಂಗಳ ಆಯವ್ಯಯ ಪತ್ರದಲ್ಲಿ ರಾಜ್ಯ ಸರ್ಕಾರ ಕನ್ನಡ ಚಿತ್ರಗಳಿಗಾಗಿ ತನ್ನದೇ ಓಟಿಟಿ ವೇದಿಕೆಯನ್ನು ಕಟ್ಟುವುದಾಗಿಯೂ, ಕನ್ನಡ ಚಿತ್ರಗಳ ಭಂಡಾರಕ್ಕೆ 3 ಕೋಟಿ ರೂಪಾಯಿ ಒದಗಿಸುವುದಾಗಿಯೂ ಸಾರಿತು. ಕೇರಳ ಸರ್ಕಾರ ಅದಕ್ಕೆ ಒಂದು ವರ್ಷ ಮೊದಲೇ 'ಸಿ-ಸ್ಪೇಸ್' ಎಂಬ ವೇದಿಕೆಯನ್ನು ಪ್ರಾರಂಭಿಸಿ, ಒಂದು ಚಿತ್ರವನ್ನು ನೋಡಲು 75 ರೂಪಾಯಿಯೆಂದೂ ಅದರಲ್ಲಿ ಅರ್ಧ ನಿರ್ಮಾಪಕನಿಗೆಂದೂ ಗೊತ್ತುಮಾಡಿದ್ದಿತು. ಇಲ್ಲಿ ಹಣಕ್ಕಿಂತ ಹೆಚ್ಚಿನ ಲಾಭವೊಂದಿದೆ. ನೋಡಿದ ಪ್ರತಿಯೊಬ್ಬನೂ ಲೆಕ್ಕಕ್ಕೆ ಬರುತ್ತಾನೆ. ನಮ್ಮ ಸರ್ಕಾರದ ಮಾತು ಕಾರ್ಯರೂಪಕ್ಕೆ ಬರುವವರೆಗೆ ಸಾಹಿತಿಗಳೂ ಚಿತ್ರೋದ್ಯಮದವರೂ ಅದನ್ನು ನೆನಪಿಸುತ್ತಲೇ ಇರಬೇಕು.

ಎರಡನೆಯದು ನಮ್ಮದು, ಅಂದರೆ ವಿದ್ಯಾಸಂಸ್ಥೆಗಳದು. 1957ರ ಕಾಯಿದೆಯೇ ವಿದ್ಯಾಸಂಸ್ಥೆಯೊಂದು ತನ್ನ ಅಧ್ಯಾಪಕರು, ವಿದ್ಯಾರ್ಥಿಗಳು ಮತ್ತು ಅವರ ಪೋಷಕರಿಗೆ ಸೀಮಿತವಾಗಿ ಚಿತ್ರವನ್ನು ತೋರಿಸುವುದಕ್ಕೆ ಅವಕಾಶ ಕೊಟ್ಟಿದೆ. ಅದು ತೋರಿಸುವುದಕ್ಕೆ ಕೊಟ್ಟ ಅವಕಾಶವೇ ಹೊರತು ಕದ್ದು ತರುವುದಕ್ಕಲ್ಲ. ಪುಸ್ತಕಗಳಿಗೆಂದು ಪ್ರತಿವರ್ಷ ಹಣ ತೆಗೆದಿರಿಸುವ ಕಾಲೇಜು, ಪಠ್ಯವಾದ ಕಥೆ-ಕಾದಂಬರಿಗಳ ಚಿತ್ರಗಳನ್ನು ನಿರ್ಮಾಪಕರಿಂದ ನೇರವಾಗಿ ಪಡೆಯುವುದಕ್ಕೂ ಒಂದಿಷ್ಟು ಹಣವನ್ನು ಏಕೆ ತೆಗೆದಿರಿಸಬಾರದು? ಹೆಗ್ಗೋಡಿನಂತಹ ಹಳ್ಳಿಯಲ್ಲಿ ಕೆ.ವಿ. ಸುಬ್ಬಣ್ಣನವರು 1973ರಲ್ಲಿ ನೀನಾಸಂ ಚಿತ್ರಸಮಾಜವನ್ನು ಕಟ್ಟಿ, ಅಡಕೆ ತೋಟದ ಜನರಿಗೆ ಜಗತ್ತಿನ ಶ್ರೇಷ್ಠ ಚಿತ್ರಗಳನ್ನು ತೋರಿಸಿದರು. ಅಂದು ಒಂದು ಚಿತ್ರವನ್ನು ತೋರಿಸಬೇಕಾದರೆ ರೀಲಿನ ಡಬ್ಬಿಗಳನ್ನು ದೂರದಿಂದ ತರಿಸಿ, ಪ್ರದರ್ಶನವಾದ ಮೇಲೆ ಜೋಪಾನವಾಗಿ ಹಿಂದಿರುಗಿಸಬೇಕಾಗಿದ್ದಿತು. ಅಷ್ಟು ಕಷ್ಟದಲ್ಲಿ ಅವರು ಮಾಡಿದ ಕೆಲಸವನ್ನು, ಇಷ್ಟು ಸೌಕರ್ಯವಿರುವ ಹುಬ್ಬಳ್ಳಿ-ಧಾರವಾಡಗಳಲ್ಲಿ ತಿಂಗಳಿಗೊಂದು ಸಲವಾದರೂ ಮಾಡಲಾಗದೆಂದು ಹೇಳಿದರೆ ಯಾರು ನಂಬಿಯಾರು?

ಮೂರನೆಯದು ಪ್ರತಿಯೊಬ್ಬ ಪ್ರೇಕ್ಷಕನ ಕೆಲಸ, ಅದು ಸಣ್ಣದು. ಒಳ್ಳೆಯ ಕನ್ನಡ ಚಿತ್ರ ಊರಿಗೆ ಬಂದಾಗ ಮೊದಲ ವಾರದಲ್ಲಿಯೇ ಟಿಕೆಟ್ಟು ಕೊಂಡು ನೋಡುವುದು. ಬಾರದಿದ್ದರೆ ಬರಲಿಲ್ಲವೇಕೆಂದು ಕೇಳುವುದು. ಕಳ್ಳಪ್ರತಿ ಕೈಗೆ ಬಂದರೆ ಮುಂದಕ್ಕೆ ಸಾಗಿಸದಿರುವುದು.

ಆ ಹುಡುಗ ನೀಡಲು ಬಂದ ಚಿತ್ರವನ್ನು ನಾನು ಬೇಡವೆಂದೆನು. ಅವನು ಮುಖ ಸಣ್ಣದು ಮಾಡಿಕೊಂಡು ಹೋದನು. ಮರುದಿನ ನಾನೇ ಅವನನ್ನು ಕರೆದು, ಕಾಲೇಜಿನಲ್ಲಿ ಒಂದು ಚಿತ್ರಸಮಾಜವನ್ನು ಪ್ರಾರಂಭಿಸೋಣವೇ ಎಂದು ಕೇಳಿದೆನು. ಪ್ರಾಂಶುಪಾಲರಿಗೆ ಒಂದು ಮನವಿ, ಆ ಚಿತ್ರದ ನಿರ್ಮಾಪಕರಿಗೆ ಒಂದು ಪತ್ರ, ಇವೆರಡನ್ನೂ ಅವನೇ ಬರೆದನು. ಕೆಳಗೆ ಸಹಿ ಮಾಡಿದವರು ಹದಿನೇಳು ಮಂದಿ. ಉತ್ತರ ಇನ್ನೂ ಬಂದಿಲ್ಲ. ಬರಲಿ, ಬಾರದಿರಲಿ, ಹುಬ್ಬಳ್ಳಿಯಲ್ಲಿ ತಮ್ಮ ಚಿತ್ರಕ್ಕೆ ಹದಿನೇಳು ಜನ ಪ್ರೇಕ್ಷಕರು ಕಾದಿದ್ದಾರೆಂಬುದು ಆ ನಿರ್ಮಾಪಕರಿಗೆ ಈಗ ತಿಳಿದಿದೆ.